ಹದಿನೈದರ ಹಂಪಿ, ಮೂವತ್ತೇಳರ ಹಂಪಿ

ಕೊನೇರು ಹಂಪಿ ಎಂದೊಡನೆ ಎಲ್ಲರ ಬಾಯಲ್ಲೂ ಬರುವುದು 2002ನೇ ಇಸವಿ. ಆಂಧ್ರದ ಗುಡಿವಾಡದ ಈ ಹುಡುಗಿ ಹದಿನೈದು ತುಂಬಿ ಎರಡು ತಿಂಗಳಾಗುವ ಮೊದಲೇ ಚೆಸ್ ಗ್ರ್ಯಾಂಡ್‌ಮಾಸ್ಟರ್ ಆಗಿ, ಹೆಣ್ಣುಮಕ್ಕಳಲ್ಲಿ ಅತಿ ಚಿಕ್ಕ ವಯಸ್ಸಿಗೆ ಆ ಬಿರುದು ಪಡೆದ, ಹಂಗೆರಿಯ ಜೂಡಿಟ್ ಪೋಲ್ಗಾರ್ ಹೆಸರಿನಲ್ಲಿದ್ದ ದಾಖಲೆ ಮುರಿದಳು. ಭಾರತದ ಹೆಣ್ಣುಮಗಳೊಬ್ಬಳಿಗೆ ಆ ಬಿರುದು ಸಿಕ್ಕಿದ್ದು ಅದೇ ಮೊದಲು. ಕೆಮಿಸ್ಟ್ರಿ ಲೆಕ್ಚರರ್ ಆಗಿದ್ದ ತಂದೆ ಅಶೋಕ್ ಕೆಲಸ ಬಿಟ್ಟು ಮಗಳ ಕೋಚ್ ಆದದ್ದೂ ಹಳೆಯ ಕಥೆ.

ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ ಎಂದು ಬೆಳೆಯುವ ಚಿಂತಾಮಣಿ, ಗೌರಿಬಿದನೂರು ಕಡೆಯ ಮಕ್ಕಳಿಗೆ ಹಂಪಿ ಹೊರಗಿನವರೇನಲ್ಲ. ಆದರೆ ಇಲ್ಲಿನ ಅಪ್ಪ-ಅಮ್ಮಂದಿರಿಗೆ ಹೇಳಬೇಕಾದದ್ದು ಬಾಲಪ್ರತಿಭೆಯ ಕಥೆಯಲ್ಲ. ಅದನ್ನು ಮೆಚ್ಚಿ ಮರೆಯುವುದು ಸುಲಭ. ಹೇಳಬೇಕಾದದ್ದು ಅವರ ಎರಡನೇ ಇನಿಂಗ್ಸ್.

2011ರಲ್ಲಿ ಟಿರಾನಾದಲ್ಲಿ ಚೀನಾದ ಹೌ ಯಿಫಾನ್ ಎದುರು ವಿಶ್ವ ಕಿರೀಟದ ಪಂದ್ಯ ಸೋತರು. 2016ರ ನಂತರ ಎರಡು ವರ್ಷ ಆಟವೇ ನಿಂತಿತು. ಆ ನಡುವೆ ಮಗಳು ಹುಟ್ಟಿದಳು. ಮರಳಿ ಮಣೆಯ ಮುಂದೆ ಕೂತದ್ದು 2018ರಲ್ಲಿ, ಜಾರ್ಜಿಯಾದ ಬಟುಮಿಯಲ್ಲಿ ನಡೆದ ಒಲಿಂಪಿಯಾಡ್‌ನಲ್ಲಿ.

ಮರುವರ್ಷ ಡಿಸೆಂಬರ್‌ನಲ್ಲಿ ಮಾಸ್ಕೋದಲ್ಲಿ ಮಹಿಳೆಯರ ವಿಶ್ವ ರ‍್ಯಾಪಿಡ್ ಚಾಂಪಿಯನ್‌ಶಿಪ್. ಒಬ್ಬೊಬ್ಬರಿಗೆ ಹದಿನೈದು ನಿಮಿಷ, ಪ್ರತಿ ನಡೆಗೆ ಮತ್ತೆ ಹತ್ತು ಸೆಕೆಂಡು. ಹನ್ನೆರಡು ಸುತ್ತು ಮುಗಿದಾಗ ಮೂವರ ಅಂಕ ಸಮ. ಟೈಬ್ರೇಕ್‌ನಲ್ಲಿ ಚೀನಾದ ಲೇ ಟಿಂಗ್‌ಜಿ ಎದುರು ಹಂಪಿ ಮೊದಲ ಆಟ ಸೋತರು, ಎರಡನೆಯದು ಗೆದ್ದರು. ಕೊನೆಗೆ ಆರ್ಮಗೆಡನ್: ಕಪ್ಪು ಕಾಯಿಯವರಿಗೆ ಡ್ರಾ ಸಾಕು, ಬಿಳಿಯವರು ಗೆಲ್ಲಲೇಬೇಕು. ಕಪ್ಪು ಕಾಯಿ ಹಿಡಿದ ಹಂಪಿ ಡ್ರಾ ಮಾಡಿಕೊಂಡರು. ಎರಡು ವರ್ಷದ ಮಗುವಿನ ತಾಯಿ ವಿಶ್ವ ಚಾಂಪಿಯನ್!

2024ರಲ್ಲಿ ನ್ಯೂಯಾರ್ಕ್‌ನಲ್ಲಿ ಮೊದಲ ಸುತ್ತಿನಲ್ಲೇ ಸೋತವರು, ಕೊನೆಯ ಸುತ್ತಿನಲ್ಲಿ ಇಂಡೋನೇಷ್ಯಾದ ಐರೀನ್ ಸುಕಂದರ್ ಅವರನ್ನು ಸೋಲಿಸಿ ಅದೇ ಕಿರೀಟವನ್ನು ಮತ್ತೆ ಗೆದ್ದರು. ಆಗ ವಯಸ್ಸು 37. ನಮ್ಮ ಲೆಕ್ಕದಲ್ಲಿ 2002ರ ದಾಖಲೆಗಿಂತ ಇದೇ ದೊಡ್ಡದು.

2025ರ ಜುಲೈನಲ್ಲಿ ಅದೇ ಬಟುಮಿಯಲ್ಲಿ ವಿಶ್ವಕಪ್ ಫೈನಲ್. ಟೈಬ್ರೇಕ್‌ನಲ್ಲಿ ಹಂಪಿಯನ್ನು ಸೋಲಿಸಿದವರು ನಾಗಪುರದ ದಿವ್ಯಾ ದೇಶ್‌ಮುಖ್, 19ರ ಹುಡುಗಿ. ದಿವ್ಯಾ ಹುಟ್ಟುವ ಮೊದಲೇ ಹಂಪಿ ಗ್ರ್ಯಾಂಡ್‌ಮಾಸ್ಟರ್ ಆಗಿದ್ದರು!

ಕರ್ನಾಟಕಕ್ಕೂ ಈ ಆಟದ ನಂಟು ಇಂದು ನಿನ್ನೆಯದಲ್ಲ. ದೇಶದ ಮೊದಲ ರಾಷ್ಟ್ರೀಯ ಮಹಿಳಾ ಚೆಸ್ ಚಾಂಪಿಯನ್‌ಶಿಪ್ 1974ರಲ್ಲಿ ನಡೆದದ್ದು ಬೆಂಗಳೂರಿನಲ್ಲೇ. ಗೆದ್ದವರು ಮುಂಬೈನ ವಾಸಂತಿ ಖಾಡಿಲ್ಕರ್. 2022ರಲ್ಲಿ ಎಂಟು ವರ್ಷದೊಳಗಿನ ಬಾಲಕಿಯರ ವಿಶ್ವ ಪ್ರಶಸ್ತಿಯನ್ನು ಬೆಂಗಳೂರಿನ ಚಾರ್ವಿ ಗೆದ್ದದ್ದೂ, ನೋಡಿ, ಬಟುಮಿಯಲ್ಲೇ.

ಬೆಂಗಳೂರಿನಿಂದ ಚಿಕ್ಕಬಳ್ಳಾಪುರ ದೂರವೇನಲ್ಲ. ಆದರೆ ಹತ್ತನೇ ಕ್ಲಾಸು ಬಂತೆಂದರೆ ಹೆಣ್ಣುಮಕ್ಕಳ ಆಟಕ್ಕೆ ಮೊದಲು ಕತ್ತರಿ ಬೀಳುತ್ತದೆ. ಚಿಕ್ಕಬಳ್ಳಾಪುರ, ಶಿಡ್ಲಘಟ್ಟದ ಮೇಷ್ಟ್ರು, ಮೇಡಂಗಳಲ್ಲಿ ಒಂದೇ ಕೋರಿಕೆ: ಬೀರುವಿನಲ್ಲಿರುವ ಚೆಸ್ ಬೋರ್ಡು ಹೊರಗೆ ತೆಗೆಯಿರಿ, ಎಸ್ಸೆಸ್ಸೆಲ್ಸಿ ಹುಡುಗಿಯರನ್ನೂ ಆಡಲು ಕೂರಿಸಿ. ಟೂರ್ನಿ ನಡೆಸಿದರೆ ನಮಗೆ ಬರೆದು ತಿಳಿಸಿ, ಪ್ರಕಟಿಸುತ್ತೇವೆ.