ಪಹಣಿ ಇದ್ರೆ ಜಮೀನು ನಿಮ್ದಾಗಲ್ಲ ಕಣ್ರಪ್ಪ

1/6
"ಪಹಣಿ ನಮ್ಮ ಹೆಸರಲ್ಲೈತೆ, ಜಮೀನು ನಮ್ದೇ."

ಮಂಡ್ಯ, ಮದ್ದೂರು, ಮಳವಳ್ಳಿ, ಯಾವ ಊರಿನ ಟೀ ಅಂಗಡಿಲಿ ಕೂತ್ರೂ ಈ ಮಾತು ಕೇಳ್ತೀರ. ನಾಲೆ ಬಯಲಿನ ಗದ್ದೆಗೂ ಇದೇ ವಾದ, ಹೈವೇ ಪಕ್ಕದ ಎರಡು ಗುಂಟೆಗೂ ಇದೇ ವಾದ. ನೇರವಾಗಿ ಹೇಳ್ತೀನಿ, ಇದು ತಪ್ಪು. ಈ ತಪ್ಪನ್ನೇ ಸತ್ಯ ಅಂತ ನಂಬಿಸಿ ಎಷ್ಟೋ ಮನೇಲಿ ಹೆಣ್ಣುಮಕ್ಕಳ ಬಾಯಿ ಮುಚ್ಚಿಸ್ತಾರೆ. ಪೂರ್ತಿ ಓದಿ, ಆಮೇಲೆ ಜಗಳ ಆಡಿ.

2/6
ಬಿಕಾಂ ಓದೋರಿಗೆ ಇದು ಬೇಗ ಅರ್ಥ ಆಗುತ್ತೆ. ಲೆಡ್ಜರ್‌ನಲ್ಲಿ ಎಂಟ್ರಿ ಇದೆ ಅಂದ ತಕ್ಷಣ ಆಡಿಟರ್ ಒಪ್ಕೊಳ್ತಾರಾ? "ವೋಚರ್ ತೋರ್ಸಿ" ಅಂತಾರೆ. ಪಹಣಿ ಅನ್ನೋದು ಲೆಡ್ಜರ್. ಕ್ರಯಪತ್ರ, ದಾನಪತ್ರ, ವಿಭಾಗಪತ್ರ, ವಿಲ್, ಕೋರ್ಟ್ ಡಿಕ್ರಿ, ಸರ್ಕಾರದ ಮಂಜೂರಾತಿ, ಇವೆಲ್ಲ ವೋಚರ್.

ನಿಮ್ಮನೆ ಪಹಣಿ ತೆಗೆದು ನೋಡಿ. 9ನೇ ಕಾಲಂನಲ್ಲಿ ಸ್ವಾಧೀನದಾರರ ಹೆಸರು. 10ನೇ ಕಾಲಂನಲ್ಲಿ ಅದು ಹೆಂಗೆ ಬಂತು ಅಂತ, ಜೊತೆಗೆ ಎಂಆರ್ ನಂಬರ್. ಎಲ್ಲರೂ 9 ನೋಡಿ ಮೀಸೆ ತಿರುವ್ತಾರೆ. ಕೇಸ್ ನಿಲ್ಲೋದೂ ಬೀಳೋದೂ 10ರ ಹಿಂದೆ ಇರೋ ಕಾಗದದ ಮೇಲೆ.

3/6
"ಹಾಗಾದ್ರೆ ಪಹಣಿಗೆ ಬೆಲೆನೇ ಇಲ್ವಾ?" ಇದೆ. ಕರ್ನಾಟಕ ಭೂ ಕಂದಾಯ ಕಾಯ್ದೆ 1964ರ 133ನೇ ಕಲಂ ಪ್ರಕಾರ, ತಪ್ಪು ಅಂತ ಸಾಬೀತಾಗೋ ತನಕ ಅದರಲ್ಲಿರೋದು ನಿಜ ಅಂತಲೇ ಭಾವಿಸಬೇಕು. ಆ "ಸಾಬೀತಾಗೋ ತನಕ" ಅನ್ನೋದನ್ನೇ ನಮ್ಮ ಜನ ನುಂಗಿಬಿಡ್ತಾರೆ.

ಕಂದಾಯ ದಾಖಲೆ ಇರೋದು ಕಂದಾಯಕ್ಕೆ, ಅದರಿಂದ ಮಾಲೀಕತ್ವ ಹುಟ್ಟಲ್ಲ ಅಂತ ಸುಪ್ರೀಂ ಕೋರ್ಟ್ 2007ರ ಸೂರಜ್ ಭಾನ್ ಕೇಸಲ್ಲಿ ಹೇಳಿದೆ. 2014ರ ವಾಸವಿ ಹೌಸಿಂಗ್ ಸೊಸೈಟಿ ಕೇಸಲ್ಲಿ ಇನ್ನೊಂದು ಮಾತು: ದಾವಾ ಹಾಕಿದವರು ತಮ್ಮ ಹಕ್ಕಿನ ಬಲದಿಂದಲೇ ಗೆಲ್ಲಬೇಕು. ಎದುರಾಳಿ ಕಾಗದ ವೀಕ್ ಇದೆ ಅಂತ ನಿಮ್ಮ ಕಾಗದ ಸ್ಟ್ರಾಂಗ್ ಆಗಲ್ಲ.

4/6
ಈಗ ನೋವಿನ ವಿಷಯ. ತಾತ ತೀರ್ಕೊಂಡ್ಮೇಲೆ ನಮ್ಮನೇಲಿ ಪೌತಿ ಖಾತೆ ಆಯ್ತು. ವಂಶವೃಕ್ಷದಲ್ಲಿ ನಮ್ಮ ಸೋದರತ್ತೆ ಹೆಸರೇ ಇಲ್ಲ. ಬರೆಸಿದ್ದು ನಮ್ಮಪ್ಪನೇ. ಅತ್ತೆ ಒಂದ್ಸಲ ಕೇಳಿದ್ದಕ್ಕೆ "ಪಹಣಿಲಿ ನಿನ್ನ ಹೆಸರೆಲ್ಲೈತೆ ತೋರ್ಸು" ಅಂದ್ರು. ಅತ್ತೆ ಸುಮ್ಮನಾದ್ರು. ಆ ಗದ್ದೆ ಕಬ್ಬಿನ ದುಡ್ಡಲ್ಲೇ ನನ್ನ ಕಾಲೇಜು ಫೀಸ್ ಕಟ್ತಿರೋದು. ಆದ್ರೂ ಹೇಳ್ತೀನಿ: ಹೆಸರು ಬಿಟ್ಟು ಬರೆಸಿದ್ರೆ ಹೆಸರು ಹೋಗುತ್ತೆ, ಹಕ್ಕು ಹೋಗಲ್ಲ.

ತಂದೆ ಸ್ವಂತ ದುಡಿಮೆಯ ಆಸ್ತಿ ಇದ್ದು, ವಿಲ್ ಬರೆಯದೆ ತೀರ್ಕೊಂಡ್ರೆ, ಮಗಳಿಗೂ ಸಮಪಾಲು. ಇದು 1956ರಿಂದ ಇರೋ ಕಾನೂನು. ಪಿತ್ರಾರ್ಜಿತದಲ್ಲಿ ಮಗಳು ಹುಟ್ಟಿನಿಂದಲೇ ಪಾಲುದಾರಳು ಅಂತ 2005ರ ತಿದ್ದುಪಡಿ ಹೇಳ್ತು. ಆಗ ಅಪ್ಪ ಬದುಕಿರಲೇಬೇಕು ಅಂತೇನಿಲ್ಲ ಅಂತ 2020ರ ವಿನೀತಾ ಶರ್ಮಾ ತೀರ್ಪು ಗೊಂದಲ ಮುಗಿಸ್ತು.

5/6
ಕಾಮೆಂಟಲ್ಲಿ ಏನ್ ಬರುತ್ತೆ ಅಂತ ಗೊತ್ತು. "ಮದುವೆಗೆ ಖರ್ಚು ಮಾಡಿದೀವಿ, ಒಡವೆ ಹಾಕಿದೀವಿ, ಬಾಯಿಮಾತಲ್ಲಿ ಭಾಗ ಆಗೋಗಿದೆ." ಮದುವೆ ಊಟ ವಿಭಾಗಪತ್ರ ಅಲ್ಲ. ಬಾಯಿಮಾತಿನ ಭಾಗ ಅಂತ ಹೇಳಿ ಮಗಳ ಪಾಲು ತಪ್ಪಿಸೋದನ್ನ ಸುಲಭಕ್ಕೆ ಒಪ್ಪಬಾರದು, ಅದಕ್ಕೆ ಸಾರ್ವಜನಿಕ ದಾಖಲೆಯ ಬಲ ಬೇಕು ಅಂತ ಅದೇ ತೀರ್ಪಲ್ಲಿದೆ.

"ಅಣ್ಣ ಬಿಸಿಲಲ್ಲಿ ಗೇಯ್ದಿದಾನೆ, ಸಾಲ ತೀರ್ಸಿದಾನೆ" ಅಂತೀರಾ? ಈ ಮಾತಿಗೆ ನಾನು ಬೆಲೆ ಕೊಡ್ತೀನಿ. ಹಾಗಿದ್ರೆ ಅಕ್ಕತಂಗೀರನ್ನ ಕೂರಿಸ್ಕೊಂಡು ಲೆಕ್ಕ ಹಾಕಿ, ಒಪ್ಪಿಗೆಯಿಂದ ವಿಭಾಗಪತ್ರ ಬರೆದು ರಿಜಿಸ್ಟರ್ ಮಾಡ್ಸಿ. ವಂಶವೃಕ್ಷದಿಂದ ಹೆಸರು ಹಾರಿಸೋದು ಗೇಯ್ಮೆಗೆ ಸಂಬಳ ಅಲ್ಲ.

6/6
ರಜಕ್ಕೆ ಊರಿಗೆ ಹೋದಾಗ ಮಾಡಿ:

👉 ಪಹಣಿಲಿರೋ ಎಂಆರ್ ನಂಬರ್ ಹಿಡ್ಕೊಂಡು ತಾಲ್ಲೂಕು ಕಚೇರೀಲಿ ಮ್ಯುಟೇಷನ್ ನಕಲು ತಗೊಳ್ಳಿ.
👉 ಸಬ್ ರಿಜಿಸ್ಟ್ರಾರ್ ಆಫೀಸಲ್ಲಿ ಋಣಭಾರ ಪತ್ರ, ಹಳೇ ಕ್ರಯಪತ್ರದ ದೃಢೀಕೃತ ನಕಲು ಕೇಳಿ.
👉 ವಂಶವೃಕ್ಷದಲ್ಲಿ ಎಲ್ಲರ ಹೆಸರು ಇದ್ಯಾ ನೋಡಿ. ಅಜ್ಜಿ ಹೆಸರು, ಅತ್ತೆ ಹೆಸರು, ನಿಮ್ಮ ಹೆಸರು.
👉 ಹಕ್ಕು ತಕರಾರಲ್ಲಿದ್ರೆ ಬರೀ ತಡೆಯಾಜ್ಞೆ ಕೇಳಿ ಕೂರಬೇಡಿ. ಹಕ್ಕು ಘೋಷಣೆಗೆ, ಪಾಲು ಬೇಕಿದ್ರೆ ವಿಭಾಗಕ್ಕೆ ದಾವಾ ಹಾಕೋ ಬಗ್ಗೆ ವಕೀಲರ ಹತ್ರ ಮಾತಾಡಿ. ತಹಸೀಲ್ದಾರ್ ಖಾತೆ ಬದಲಾಯಿಸಬಹುದು, ಮಾಲೀಕರು ಯಾರು ಅಂತ ತೀರ್ಮಾನ ಮಾಡೋದು ಸಿವಿಲ್ ಕೋರ್ಟ್.
👉 ಹುಡುಗೀರೇ, ಸೀರೆ, ಅರಿಶಿನ ಕುಂಕುಮ ಕೊಟ್ಟು "ಇಲ್ಲೊಂದು ಸೈನ್ ಹಾಕವ್ವ" ಅಂದ್ರೆ ಮೊದಲು ಓದಿ. ಅದು ಹಕ್ಕು ಬಿಡುಗಡೆ ಪತ್ರ ಆಗಿದ್ದು, ರಿಜಿಸ್ಟರ್ ಆದ್ರೆ ವಾಪಸ್ ಪಡೆಯೋದು ಬಲು ಕಷ್ಟ.

ಇನ್ಮುಂದೆ ಯಾರಾದ್ರೂ ಪಹಣಿ ತಂದು ಮುಖಕ್ಕೆ ಹಿಡಿದ್ರೆ ಹೆದರಬೇಡಿ. "ವೋಚರ್ ಎಲ್ಲಿ?" ಅಂತ ಕೇಳಿ.

ಸೇವ್ ಮಾಡ್ಕೊಳ್ಳಿ. ಫ್ಯಾಮಿಲಿ ಗ್ರೂಪಿಗೆ ಹಾಕೋ ಧೈರ್ಯ ಇದ್ರೆ ಹಾಕಿ.

#ಮಂಡ್ಯ #ಮದ್ದೂರು #ಮಳವಳ್ಳಿ #ಪಹಣಿ #ಹೆಣ್ಣುಮಕ್ಕಳಪಾಲು