ಬಾಯಿಗೆ ಬಾರದ ಅಕ್ಷರಗಳು

ಎಂಟನೆಯ ತರಗತಿಯ ಹುಡುಗನೊಬ್ಬ ಇಂಗ್ಲಿಷ್ ಪಾಠವನ್ನು ಗಟ್ಟಿಯಾಗಿ ಓದುತ್ತ ಒಂದು ಕಡೆ 'ಕೊಲೊನೆಲ್' ಎಂದ. ತರಗತಿಯೆಲ್ಲ ನಕ್ಕಿತು, ನಾನೂ ನಕ್ಕೆ. "ಕಣ್ಣು ಬಿಟ್ಟು ಓದು, ಅದು ಕರ್ನಲ್" ಎಂದು ಗದರಿದೆ. ಅವನು ಕಣ್ಣು ಬಿಟ್ಟೇ ಓದಿದ್ದ. ಆ ಪದದಲ್ಲಿ ಇರುವುದು ಎರಡು 'ಎಲ್'. 'ಆರ್' ಎಲ್ಲಿಯೂ ಇಲ್ಲ. ಆ ವರ್ಷವಿಡೀ ಅವನು ಮತ್ತೆ ಓದಲು ತಾನಾಗಿ ಎದ್ದು ನಿಲ್ಲಲಿಲ್ಲ.

ಬಿ.ಇಡ್. ಮುಗಿಸಿ ಬಂದಿದ್ದ ನನಗೆ ಉಚ್ಚಾರಣೆ ಗೊತ್ತಿತ್ತು, ಕಾರಣ ಗೊತ್ತಿರಲಿಲ್ಲ. ಅದನ್ನು ಹುಡುಕಿದ್ದು ಬಹಳ ತಡವಾಗಿ. ಇಟಲಿಯ 'ಕೊಲೊನ್ನೆಲ್ಲೊ' ಫ್ರೆಂಚರ ಬಾಯಲ್ಲಿ 'ಕೊರೊನೆಲ್' ಆಗಿ, 16ನೆಯ ಶತಮಾನದಲ್ಲಿ ಇಂಗ್ಲಿಷಿಗೆ ಬಂದಿತು. ಮುಂದೆ ಬರಹ ಇಟಲಿಯ ರೂಪಕ್ಕೆ ಮರಳಿತು. ನಾಲಗೆ ಮಾತ್ರ 'ಆರ್' ಬಿಡಲಿಲ್ಲ. ನಮ್ಮ ಕನ್ನಡ ಪತ್ರಿಕೆಗಳು ಕಿವಿಗೆ ಕೇಳಿದಂತೆ 'ಕರ್ನಲ್' ಎಂದು ಬರೆದು ಪಾರಾಗಿವೆ.

ಸಾಲವೆಂಬ ಅರ್ಥದ 'ಡೆಟ್' ಪದದ ಕಥೆ ಇನ್ನೂ ಸ್ವಾರಸ್ಯವಾದುದು. ಫ್ರೆಂಚಿನಿಂದ ಬಂದಾಗ ಅದರಲ್ಲಿ 'ಬಿ' ಇರಲೇ ಇಲ್ಲ. ಲ್ಯಾಟಿನ್ನಿನ 'ಡೆಬಿಟುಮ್' ನೆನಪಾಗಲೆಂದು ಪಂಡಿತರು ಆ ಅಕ್ಷರವನ್ನು ನಡುವೆ ತುರುಕಿದರು. ಜನ ಅದನ್ನು ಲೆಕ್ಕಿಸದೆ ಮೊದಲಿನಂತೆಯೇ ನುಡಿದರು. 1598ರಲ್ಲಿ ಅಚ್ಚಾದ ಷೇಕ್ಸ್‌ಪಿಯರನ 'ಲವ್ಸ್ ಲೇಬರ್ಸ್ ಲಾಸ್ಟ್' ನಾಟಕದಲ್ಲಿ ಹೋಲೊಫರ್ನೀಸ್ ಎಂಬ ಶಾಲಾಮಾಸ್ತರನಿದ್ದಾನೆ. 'ಬಿ' ನುಂಗಿ ಮಾತನಾಡುವವರನ್ನು ಕಂಡರೆ ಅವನಿಗಾಗದು. 'ಡೆಬ್ಟ್' ಎಂದ ಹುಡುಗನಿಗೆ ಅವನ ಶಾಲೆಯಲ್ಲಿ ಶಹಬ್ಬಾಸ್, ನನ್ನ ತರಗತಿಯಲ್ಲಿ ಬೈಗುಳ! ನಾಟಕಕಾರ ನಗುವುದಂತೂ ಮಾಸ್ತರನನ್ನು ಕಂಡೇ.

ದ್ವೀಪಕ್ಕೆ ಇಂಗ್ಲಿಷರು ಹೇಳುವ 'ಐಲೆಂಡ್' ಪದದೊಳಗಿನ 'ಎಸ್' ಅಂತೂ ತಪ್ಪು ತಿಳಿವಳಿಕೆಯಿಂದಲೇ ಸೇರಿದ್ದು. ಲ್ಯಾಟಿನ್ ಮೂಲದ ಬೇರೊಂದು ಪದದ ಜೊತೆ ಅದನ್ನು ನಂಟು ಹಾಕಿದರು. ಅದು ಇಂಗ್ಲಿಷಿನದೇ ಹಳೆಯ ಮಾತು.

ಹೆಚ್ಚುಮಟ್ಟಿಗೆ ಬರೆದಂತೆಯೇ ಓದುವ ಕನ್ನಡದಲ್ಲಿ ಬೆಳೆದ ಮಗು ಇಂಗ್ಲಿಷನ್ನೂ ಹಾಗೆಯೇ ಓದಿದರೆ ಅದನ್ನು ದಡ್ಡತನವೆನ್ನುವುದು ಅನ್ಯಾಯ ಎಂಬುದು ನನ್ನ ಅಭಿಪ್ರಾಯ. ಸರಿಯಾದ ಉಚ್ಚಾರಣೆಯನ್ನು ಕಲಿಸಲೇಬೇಕು. ಇಲ್ಲದಿದ್ದರೆ ನಾಳೆ ನೌಕರಿಯ ಸಂದರ್ಶನದಲ್ಲಿ ನಗುವವರು ಇದ್ದೇ ಇದ್ದಾರೆ. ಆದರೆ ಆ ಅಕ್ಷರ ಅಲ್ಲಿಗೆ ಹೇಗೆ ಬಂದಿತೆಂಬುದನ್ನೂ ಹೇಳಬೇಕು. ಐದು ನಿಮಿಷ ಸಾಕು. ನಿವೃತ್ತಿಯ ಹಿಂದಿನ ಕೆಲವು ವರ್ಷ ನಾನು ಹಾಗೆ ಮಾಡಿದೆ. ಮಕ್ಕಳು ತಾವೇ ಇಂಥ ಪದಗಳನ್ನು ಹುಡುಕಿ ತರತೊಡಗಿದರು. ಒಬ್ಬಳು ಅಂಗಡಿಯ ಚೀಟಿಯನ್ನೇ ತಂದು 'ರಿಸೀಟ್' ಪದದ 'ಪಿ'ಯನ್ನು ಬೆರಳಿಟ್ಟು ತೋರಿಸಿದಳು. ಅದೂ ಪಂಡಿತರ ಕೈವಾಡವೇ!

ಆ ಎಂಟನೆಯ ತರಗತಿಯ ಹುಡುಗ ಇದನ್ನು ಓದುತ್ತಿದ್ದರೆ ಒಂದು ಮಾತು: ಅಂದು ನಾನು ನಗಬಾರದಿತ್ತಪ್ಪಾ.