ಕೋಡ್ ಒಡೆಯೋರು ಈಗ ಯಾರ ಫೋನ್ ಕೇಳ್ತಿದ್ದಾರೆ?

ಎರಡನೇ ಮಹಾಯುದ್ಧದಲ್ಲಿ ಜಪಾನಿ ಸೇನೆಯ ವೈರ್‌ಲೆಸ್ ಸಂದೇಶಗಳನ್ನು ಕದ್ದು ಕೇಳೋಕೆ ಬ್ರಿಟಿಷರು ಬೆಂಗಳೂರಿನಲ್ಲೂ ಒಂದು ಕೇಂದ್ರ ಇಟ್ಟಿದ್ದರು. ದೆಹಲಿಯ ಆನಂದ ಪರ್ವತದಲ್ಲಿದ್ದ 'ವೈರ್‌ಲೆಸ್ ಎಕ್ಸ್‌ಪೆರಿಮೆಂಟಲ್ ಸೆಂಟರ್‌'ನ ಶಾಖೆ ಅದು. ಹೆಸರಿಗೆ ಪ್ರಯೋಗ, ಕೆಲಸ ಮಾತ್ರ ಶತ್ರುವಿನ ಗೂಢಲಿಪಿ ಒಡೆಯೋದು. 1943ರಲ್ಲಿ ಜಪಾನಿ ಸೇನೆಯ ಹಡಗು ಸಾಗಣೆಯ ಕೋಡ್ ಭೇದಿಸಿದ್ದರಲ್ಲಿ ದೆಹಲಿಯವರ ಪಾಲೂ ಇತ್ತು.

ಅದು ಗುಟ್ಟಾಗಿಯೇ ಇರಬೇಕಿತ್ತು. ಸುಳಿವು ಸಿಕ್ಕಿದ್ದರೆ ಶತ್ರು ಕೋಡ್ ಬದಲಿಸುತ್ತಿದ್ದ. ಆದರೆ ಕೇಳಿಸಿಕೊಳ್ಳುತ್ತಿದ್ದದ್ದು ಶತ್ರು ಸೇನೆಯನ್ನು, ಅದೂ ಯುದ್ಧದ ಹೊತ್ತಲ್ಲಿ. ಇಂಗ್ಲೆಂಡಿನ ಬ್ಲೆಚ್ಲಿ ಪಾರ್ಕ್‌ನ ಕತೆ ಕೂಡ 1974ರ ಹೊತ್ತಿಗೆ ಹೊರಬಂತು.

ಈಗ ಹಾಸನ ಜಿಲ್ಲೆಗೆ ಬನ್ನಿ. ಕರ್ನಾಟಕದ ಮೈತ್ರಿ ಸರ್ಕಾರ ಬಿದ್ದದ್ದು 2019ರ ಜುಲೈಯಲ್ಲಿ. ಎರಡು ವರ್ಷದ ನಂತರ 'ದಿ ವೈರ್' ವರದಿ ಮಾಡಿತು: ಪೆಗಾಸಸ್‌ನ ಸಂಭಾವ್ಯ ಗುರಿಗಳ ಪಟ್ಟಿಯಲ್ಲಿ ಹೊಳೆನರಸೀಪುರ ಮೂಲದ ಕುಮಾರಸ್ವಾಮಿಯವರ ಆಪ್ತ ಕಾರ್ಯದರ್ಶಿ, ದೇವೇಗೌಡರ ಭದ್ರತಾ ಸಿಬ್ಬಂದಿಯೊಬ್ಬರ ನಂಬರ್‌ಗಳಿದ್ದವು. ನಂಬರ್ ಇತ್ತು ಅಂದ ಮಾತ್ರಕ್ಕೆ ಫೋನ್ ಹ್ಯಾಕ್ ಆಗಿತ್ತು ಅಂತಲ್ಲ, ಅದು ನೆನಪಿರಲಿ.

ಪೆಗಾಸಸ್ ಕೋಡ್ ಒಡೆಯಲ್ಲ. ವಾಟ್ಸ್ಯಾಪ್‌ನ ಗೂಢಲಿಪಿ ಒಡೆಯೋದು ಆಗದ ಮಾತು, ಹಾಗಾಗಿ ಅದು ಫೋನಿನ ಒಳಗೇ ಕೂತು, ಲಿಪಿಯಾಗುವ ಮೊದಲೇ ಮಾತು ಓದುತ್ತೆ. ಬಾಗಿಲ ಬೀಗ ಮುರಿಯೋದು ಬಿಟ್ಟು ಮನೆಯವರ ಜೊತೆಗೇ ಒಳಗೆ ಬಂದ ಹಾಗೆ.

ಇದರಲ್ಲಿ ಒಂದೇ ಪಕ್ಷವನ್ನು ಬೈದು ಸುಮ್ಮನಾಗೋ ಹಾಗಿಲ್ಲ. ಅದೇ 2019ರ ಆಗಸ್ಟ್‌ನಲ್ಲಿ, ಕುಮಾರಸ್ವಾಮಿ ಸರ್ಕಾರದ ಕಾಲದಲ್ಲೇ ಫೋನ್ ಕದ್ದಾಲಿಕೆ ನಡೆದಿತ್ತೆಂಬ ಆರೋಪವನ್ನು ಯಡಿಯೂರಪ್ಪ ಸರ್ಕಾರ ಸಿಬಿಐಗೆ ಒಪ್ಪಿಸಿತು. ಕುಮಾರಸ್ವಾಮಿ ಆರೋಪ ತಳ್ಳಿಹಾಕಿದರು. 1988ರಲ್ಲಿ ರಾಮಕೃಷ್ಣ ಹೆಗಡೆ ಮುಖ್ಯಮಂತ್ರಿ ಕುರ್ಚಿ ಬಿಟ್ಟದ್ದೂ ಇಂಥದ್ದೇ ಆರೋಪಕ್ಕೆ. ಆಗ ರಾಜೀನಾಮೆಯಾದರೂ ಬಂತು ಅನ್ನಿ.

ಪೆಗಾಸಸ್ ವಿಚಾರಕ್ಕೆ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿ ಆರ್. ವಿ. ರವೀಂದ್ರನ್ ಉಸ್ತುವಾರಿಯಲ್ಲಿ ಸಮಿತಿ ಮಾಡಿತು. 29 ಫೋನ್‌ಗಳಲ್ಲಿ 5ರಲ್ಲಿ ಕುತಂತ್ರಾಂಶ ಸಿಕ್ಕಿತು, ಅದು ಪೆಗಾಸಸ್ಸೇ ಅಂತ ಖಚಿತವಾಗಲಿಲ್ಲ. ಕೇಂದ್ರ ಸರ್ಕಾರ ಸಹಕರಿಸಲಿಲ್ಲ ಅಂತ ಸಮಿತಿ ಹೇಳಿತ್ತು. 2022ರ ಆಗಸ್ಟ್‌ನಲ್ಲಿ ಕೋರ್ಟು ಲಕೋಟೆ ಒಡೆದು, ಒಂದಿಷ್ಟು ಓದಿ, ಮತ್ತೆ ಮುಚ್ಚಿತು.

ಆರ್‌ಟಿಐ ಹಾಕೋಣ ಅಂದರೆ, ಕಾಯ್ದೆಯ 24ನೇ ಕಲಂ ಗುಪ್ತಚರ ಸಂಸ್ಥೆಗಳನ್ನು ಹೊರಗಿಟ್ಟಿದೆ. ವಿನಾಯಿತಿ ಇರೋದು ಭ್ರಷ್ಟಾಚಾರ, ಮಾನವ ಹಕ್ಕು ಉಲ್ಲಂಘನೆಯ ಆರೋಪಗಳಿಗೆ ಮಾತ್ರ. ಕದ್ದಾಲಿಕೆ ಮಾನವ ಹಕ್ಕಿನ ಉಲ್ಲಂಘನೆ ಅಂತ ವಾದಿಸಿ ಅರ್ಜಿ ಹಾಕೋದಕ್ಕೆ ಅಲ್ಲೊಂದು ಸಂದಿ ಇದೆ.